ಶತಪಥ ಬ್ರಾಹ್ಮಣ: ವಿಧಿಯ ಬೆನ್ನಿಗಿರುವ ‘ಯಾಕೆ’

ಶುಕ್ಲ ಯಜುರ್ವೇದದ ಶತಪಥ ಬ್ರಾಹ್ಮಣ ಶುರುವಾಗುವುದು ತೀರ ಸಣ್ಣ ಕೆಲಸವೊಂದರಿಂದ. ಮರುದಿನ ಇಷ್ಟಿ ಮಾಡಬೇಕಾದ ಯಜಮಾನ ಹಿಂದಿನ ದಿನವೇ ವ್ರತ ಹಿಡಿಯಬೇಕು. ಅದಕ್ಕಾಗಿ ಆಹವನೀಯ ಮತ್ತು ಗಾರ್ಹಪತ್ಯ ಅಗ್ನಿಗಳ ನಡುವೆ ಪೂರ್ವಕ್ಕೆ ಮುಖ ಮಾಡಿ ನಿಂತು ನೀರು ಮುಟ್ಟುತ್ತಾನೆ. ವಿಧಿ ಇಷ್ಟೇ. ಬರೀ ಪ್ರಯೋಗದ ಪುಸ್ತಕವಾಗಿದ್ದರೆ ಇಲ್ಲಿಂದ ಮುಂದಿನ ಕೆಲಸಕ್ಕೆ ಹೋಗಿಬಿಡಬಹುದಿತ್ತು. ಶತಪಥ ಅಲ್ಲಿಯೇ ನಿಲ್ಲುತ್ತದೆ, ನೀರನ್ನು ಯಾಕೆ ಮುಟ್ಟಬೇಕೆಂದು ವಿವರಿಸುತ್ತದೆ. ಮನುಷ್ಯ ಸುಳ್ಳಾಡುತ್ತಾನೆ, ಆದ್ದರಿಂದ ಯಜ್ಞಕ್ಕೆ ತಕ್ಕವನಲ್ಲ. ನೀರು ಯಜ್ಞಕ್ಕೆ ತಕ್ಕದ್ದು, ಪಾವನವಾದದ್ದು. ಅದನ್ನು ಮುಟ್ಟಿ ತಕ್ಕವನಾಗುತ್ತಾನೆ. ಆಮೇಲೆ ಸುಳ್ಳಿನಿಂದ ಸತ್ಯಕ್ಕೆ ಹೋಗುತ್ತಿದ್ದೇನೆಂದು ಅಗ್ನಿಯ ಮುಂದೆ ಹೇಳಿಕೊಳ್ಳುತ್ತಾನೆ. ದೇವತೆಗಳು ಸತ್ಯ, ಮನುಷ್ಯರು ಸುಳ್ಳು, ಹಾಗಾಗಿ ವ್ರತ ಹಿಡಿದವನು ಅಷ್ಟು ಹೊತ್ತು ಮನುಷ್ಯರ ಕಡೆಯಿಂದ ದೇವತೆಗಳ ಕಡೆಗೆ ದಾಟಿದವನು. ಹಾಗಾದರೆ ವ್ರತ ಬಿಡುವಾಗ ಏನೆನ್ನಬೇಕು? ಸತ್ಯದಿಂದ ಸುಳ್ಳಿಗೆ ಮರಳಿದೆ ಎನ್ನಲಾಗುತ್ತದೆಯೇ? ಆಗದು. ಅದಕ್ಕೇ, ನಾನು ಯಾರೋ ಅವನೇ ಆಗಿದ್ದೇನೆ ಎಂದಷ್ಟೇ ಹೇಳಿ ವ್ರತ ಬಿಡಬೇಕು ಎನ್ನುತ್ತದೆ ಗ್ರಂಥ.

ಕರ್ಮಕಾಂಡ ಎಂದು ನಾವು ಬದಿಗಿಟ್ಟ ಪುಸ್ತಕ ತನ್ನ ಮೊದಲ ಪುಟದಲ್ಲೇ ಇಂಥ ಸೂಕ್ಷ್ಮವನ್ನು ಕಂಡಿದೆ. ಮುಂದಿನ ಚರ್ಚೆ ಇನ್ನೂ ಸೊಗಸು. ಆ ರಾತ್ರಿ ಯಜಮಾನ ಊಟ ಮಾಡಬಹುದೋ ಬಾರದೋ? ಆಷಾಢ ಸಾವಯಸ ಎಂಬ ಆಚಾರ್ಯ ಕೂಡದು ಎನ್ನುತ್ತಾನೆ. ನಾಳೆ ಯಜ್ಞವೆಂದು ತಿಳಿದ ದೇವತೆಗಳು ಇಂದೇ ಮನೆಗೆ ಬಂದಿರುತ್ತಾರೆ. ಮನೆಗೆ ಬಂದ ಅತಿಥಿ ಉಣ್ಣುವ ಮೊದಲು ಮನೆಯವನು ಉಣ್ಣುವುದುಂಟೇ ಎಂಬುದು ಅವನ ವಾದ. ಯಾಜ್ಞವಲ್ಕ್ಯ ಇಕ್ಕಟ್ಟನ್ನು ಬಿಡಿಸಿ ತೋರಿಸುತ್ತಾನೆ: ಉಣ್ಣದಿದ್ದರೆ ಅದು ಪಿತೃಕಾರ್ಯದಂತಾಗುತ್ತದೆ, ಉಂಡರೆ ದೇವತೆಗಳಿಗಿಂತ ಮೊದಲು ಉಂಡಂತಾಗುತ್ತದೆ. ಆದ್ದರಿಂದ ಉಂಡರೂ ಉಣ್ಣದಂತಿರುವುದನ್ನು ಉಣ್ಣಬೇಕು. ಯಾವುದನ್ನು ಹವಿಸ್ಸಾಗಿ ಕೊಡುವುದಿಲ್ಲವೋ ಅದನ್ನು, ಅಂದರೆ ಕಾಡಿನಲ್ಲಿ ತಾನಾಗಿ ಬೆಳೆದದ್ದನ್ನು. ಆಗ ಬರ್ಕು ವಾರ್ಷ್ಣ ಎಂಬವನ ಮಾತು ಬರುತ್ತದೆ: ಹಾಗಿದ್ದರೆ ನನಗೆ ಉದ್ದು ಬೇಯಿಸಿ, ಉದ್ದನ್ನು ಯಾರೂ ಹವಿಸ್ಸಿಗೆ ತೆಗೆಯುವುದಿಲ್ಲವಲ್ಲ! ಗ್ರಂಥ ಒಪ್ಪುವುದಿಲ್ಲ. ಬೇಳೆಕಾಳು ಅಕ್ಕಿಗೂ ಜವೆಗೂ ಜೊತೆಯಾಗಿ ಬರುವಂಥದ್ದು, ಅದಕ್ಕೇ ಬೇಡ ಎನ್ನುತ್ತದೆ. ತಿರಸ್ಕರಿಸಿದ ಅಭಿಪ್ರಾಯವನ್ನೂ ಹೇಳಿದವನ ಹೆಸರಿನೊಂದಿಗೆ ಉಳಿಸಿಕೊಂಡ ಈ ಪ್ರಾಮಾಣಿಕತೆ ನನಗೆ ಬಹಳ ದೊಡ್ಡದಾಗಿ ಕಾಣುತ್ತದೆ.

ಇಡೀ ಗ್ರಂಥದ ಜೀವ ಇರುವುದು ಹೀಗೆ ವಿಧಿಯ ಬೆನ್ನಿಗೇ ಬರುವ ‘ಯಾಕೆ’ ಎಂಬುದರಲ್ಲಿ. ಇದೇ ‘ಯಾಕೆ’ ಬೆಳೆಯುತ್ತ ಹೋಗಿ ಕೊನೆಗೆ ಬೃಹದಾರಣ್ಯಕ ಉಪನಿಷತ್ತಾಗುತ್ತದೆ. ಉಪನಿಷತ್ತನ್ನು ಮಾತ್ರ ಕತ್ತರಿಸಿ ತೆಗೆದುಕೊಂಡು ಉಳಿದದ್ದನ್ನು ಬಿಟ್ಟದ್ದರಿಂದ ಎರಡಕ್ಕೂ ನಷ್ಟವಾಗಿದೆ.

ಮೊದಲು ಗ್ರಂಥದ ಮೈಕಟ್ಟು ನೋಡೋಣ. ಯಜುರ್ವೇದ ಅಧ್ವರ್ಯುವಿನ ವೇದ, ಯಜ್ಞದಲ್ಲಿ ಕೈಯಾರೆ ಕೆಲಸ ಮಾಡುವವನದು. ಕರ್ನಾಟಕದ ಯಜುರ್ವೇದಿಗಳಲ್ಲಿ ಹೆಚ್ಚಿನವರು ಅನುಸರಿಸುವ ಕೃಷ್ಣ ಯಜುರ್ವೇದದ ತೈತ್ತಿರೀಯ ಶಾಖೆಯಲ್ಲಿ ಮಂತ್ರವೂ ಅದರ ವಿವರಣೆಯೂ ಸಂಹಿತೆಯಲ್ಲೇ ಬೆರೆತಿವೆ. ಶುಕ್ಲ ಯಜುರ್ವೇದದಲ್ಲಿ ಇವೆರಡೂ ಬೇರೆ: 40 ಅಧ್ಯಾಯಗಳ ವಾಜಸನೇಯಿ ಸಂಹಿತೆಯಲ್ಲಿ ಮಂತ್ರಗಳು, ಶತಪಥದಲ್ಲಿ ವಿವರಣೆ. ಶತಪಥಕ್ಕೆ ಮಾಧ್ಯಂದಿನ, ಕಾಣ್ವ ಎಂಬ ಎರಡು ಪಾಠಗಳಿವೆ. ಉತ್ತರದಲ್ಲೂ ಮಹಾರಾಷ್ಟ್ರದಲ್ಲೂ ಬಳಕೆಯಲ್ಲಿರುವ ಮಾಧ್ಯಂದಿನ ಪಾಠದಲ್ಲಿ 14 ಕಾಂಡ, 100 ಅಧ್ಯಾಯ. ಗ್ರಂಥದ ಹೆಸರು ಬಂದದ್ದು ಈ ನೂರರಿಂದ. ಕಾಣ್ವದಲ್ಲಿ 17 ಕಾಂಡ, 104 ಅಧ್ಯಾಯ. ನಮ್ಮಲ್ಲಿ ಪ್ರಥಮ ಶಾಖೆಯವರೆಂದು ಕರೆಸಿಕೊಳ್ಳುವವರು ಈ ಕಾಣ್ವರೇ. ಶಂಕರರು ಬೃಹದಾರಣ್ಯಕಕ್ಕೆ ಭಾಷ್ಯ ಬರೆಯಲು ಆರಿಸಿಕೊಂಡದ್ದೂ ಕಾಣ್ವ ಪಾಠವನ್ನೇ.

ಮಾಧ್ಯಂದಿನದ 14 ಕಾಂಡಗಳಲ್ಲಿ ಮೊದಲನೆಯದು ಅಮಾವಾಸ್ಯೆ, ಹುಣ್ಣಿಮೆಗಳ ದರ್ಶಪೂರ್ಣಮಾಸ ಇಷ್ಟಿ. ಎರಡನೆಯದರಲ್ಲಿ ಅಗ್ನ್ಯಾಧಾನ, ಅಗ್ನಿಹೋತ್ರ, ಚಾತುರ್ಮಾಸ್ಯ. ಮೂರು ಮತ್ತು ನಾಲ್ಕು ಸೋಮಯಾಗಕ್ಕೆ, ಐದು ವಾಜಪೇಯ ಹಾಗೂ ರಾಜಸೂಯಕ್ಕೆ. ಆರರಿಂದ ಒಂಬತ್ತು ಪೂರ್ತಿ ಅಗ್ನಿಚಯನ, ಅಂದರೆ ಇಟ್ಟಿಗೆ ಜೋಡಿಸಿ ದೊಡ್ಡ ವೇದಿ ಕಟ್ಟುವ ಯಾಗ. ಈ ಒಂಬತ್ತು ಕಾಂಡಗಳು ಸಂಹಿತೆಯ ಮೊದಲ 18 ಅಧ್ಯಾಯಗಳನ್ನು ಬೆನ್ನುಹತ್ತಿ ಸಾಗುತ್ತವೆ. ಇವುಗಳ ಅಧ್ಯಾಯಗಳನ್ನು ಕೂಡಿದರೆ ಸರಿಯಾಗಿ 60. ಪಾಣಿನಿಯ ವ್ಯಾಕರಣದ ಪರಂಪರೆ ಶತಪಥವನ್ನು ಓದುವವನಂತೆ ‘ಷಷ್ಟಿಪಥ’ ಓದುವವನಿಗೂ ಬೇರೆ ಹೆಸರು ಹೇಳುತ್ತದೆ. ಅರವತ್ತು ಅಧ್ಯಾಯಗಳ ಒಂದು ಗ್ರಂಥ ಮೊದಲು ಸಿದ್ಧವಾಗಿತ್ತು, ಉಳಿದ ನಲವತ್ತು ಆಮೇಲೆ ಸೇರಿದವು ಎಂದು ವಿದ್ವಾಂಸರು ಊಹಿಸುವುದಕ್ಕೆ ಇದೇ ಆಧಾರ.

ಈ ಅರವತ್ತರ ಒಳಗೂ ಒಂದು ಬಿರುಕಿದೆ. ಮೊದಲ ಐದು ಕಾಂಡಗಳಲ್ಲಿ ಅಂತಿಮ ಮಾತು ಯಾಜ್ಞವಲ್ಕ್ಯನದು. ಆರನೆಯದಕ್ಕೆ ಬಂದರೆ ಯಾಜ್ಞವಲ್ಕ್ಯ ಕಾಣುವುದೇ ಇಲ್ಲ. ಹತ್ತರವರೆಗೂ ಶಾಂಡಿಲ್ಯನೇ ಪ್ರಮಾಣ. ಭೂಗೋಳವೂ ಬದಲಾಗುತ್ತದೆ. ಮೊದಲ ಭಾಗದಲ್ಲಿ ಕುರು–ಪಾಂಚಾಲ, ಕೋಸಲ, ವಿದೇಹಗಳ ಹೆಸರು ಕೇಳಿದರೆ, ಅಗ್ನಿಚಯನದ ಭಾಗದಲ್ಲಿ ಗಾಂಧಾರ, ಕೇಕಯದ ಕಡೆಯ ಹೆಸರುಗಳು. ಬೇರೆ ಬೇರೆ ನೆಲದ ಎರಡು ಗುರುಪರಂಪರೆಗಳನ್ನು ತಂದು ಒಂದೇ ಗ್ರಂಥವಾಗಿ ಹೆಣೆದದ್ದು ಸ್ಪಷ್ಟ. ಮೊದಲ ಕಾಂಡದ ವಿದೇಘ ಮಾಥವನ ಕಥೆಯಲ್ಲಿ ಈ ಜನರ ಪೂರ್ವದ ನಡಿಗೆಯ ನೆನಪೂ ಉಳಿದಿದೆ. ಈ ರಾಜನ ಬಾಯಲ್ಲಿ ಅಗ್ನಿ ವೈಶ್ವಾನರ ಇದ್ದ. ಪುರೋಹಿತ ಗೋತಮ ರಾಹೂಗಣ ಎಷ್ಟು ಕರೆದರೂ, ಅಗ್ನಿ ಬಿದ್ದುಹೋದಾನೆಂದು ರಾಜ ಬಾಯಿ ಬಿಡಲಿಲ್ಲ. ಮಂತ್ರದಲ್ಲಿ ತುಪ್ಪದ ಹೆಸರು ಬಂದದ್ದೇ ತಡ, ಅಗ್ನಿ ಧಗ್ಗನೆ ಹೊರಬಿದ್ದ, ಸರಸ್ವತಿಯಿಂದ ಪೂರ್ವಕ್ಕೆ ನೆಲವನ್ನು ಸುಡುತ್ತ ಹೋಗಿ ಸದಾನೀರಾ ನದಿಯ ದಡದಲ್ಲಿ ನಿಂತ. ಆಚೆಯ ಜವುಗು ನೆಲದಲ್ಲಿ ಮೊದಲು ಬ್ರಾಹ್ಮಣರು ನೆಲೆಸುತ್ತಿರಲಿಲ್ಲ, ಈಗ ನೆಲೆಸಿದ್ದಾರೆ. ಕೋಸಲ–ವಿದೇಹಗಳ ಗಡಿ ಆ ನದಿಯೇ ಎಂದು ಗ್ರಂಥ ಹೇಳುತ್ತದೆ. ಇತಿಹಾಸಕಾರರು ಇದರಲ್ಲಿ ವಲಸೆಯನ್ನು ಓದಿದ್ದಾರೆ. ಗ್ರಂಥಕ್ಕೆ ಮಾತ್ರ ಈ ಕಥೆ ಬೇಕಾದದ್ದು ಬೆಂಕಿ ಉರಿಸುವಾಗಿನ ಸಾಮಿಧೇನಿ ಮಂತ್ರಗಳಲ್ಲಿ ತುಪ್ಪದ ಮಾತೇಕೆ ಇದೆ ಎಂದು ವಿವರಿಸುವುದಕ್ಕೆ.

ಶತಪಥದ ಕಥೆಗಳೆಲ್ಲ ಹೀಗೆಯೇ. ಮನು ಕೈತೊಳೆಯುವಾಗ ಬೊಗಸೆಗೆ ಬಂದ ಮೀನು, ಪ್ರಳಯ, ಹಡಗು: ಪುರಾಣಗಳಲ್ಲಿ ಮತ್ಸ್ಯಾವತಾರವಾಗಿ ಬೆಳೆದ ಈ ಕಥೆಯ ಹಳೆಯ ರೂಪ ಇರುವುದು ಇಲ್ಲಿ. ಅದು ಬರುವುದು ಯಾಗದ ಕೊನೆಗೆ ಹಂಚಿ ತಿನ್ನುವ ‘ಇಡಾ’ ಎಂಬ ಭಾಗದ ವಿವರಣೆಯಾಗಿ. ಪ್ರಳಯದ ನಂತರ ಒಬ್ಬನೇ ಉಳಿದ ಮನು ತುಪ್ಪ, ಮೊಸರುಗಳನ್ನು ನೀರಿಗೆ ಹೋಮಿಸಿದಾಗ ಅದರಿಂದ ಎದ್ದುಬಂದ ಮಗಳು ಇಡಾ. ಮನಸ್ಸಿಗೂ ಮಾತಿಗೂ ಯಾರು ಹೆಚ್ಚೆಂದು ಜಗಳವಾಗಿ, ಪ್ರಜಾಪತಿ ಮನಸ್ಸಿನ ಪರ ತೀರ್ಪು ಕೊಟ್ಟು, ನೊಂದ ಮಾತು ಇನ್ನು ನಿನಗೆ ಹವಿಸ್ಸು ಹೊರುವುದಿಲ್ಲ ಎಂದು ಮುನಿದ ಕಥೆಯೂ ಅಂಥದ್ದೇ. ಪ್ರಜಾಪತಿಗೆ ಸಲ್ಲುವ ಆಹುತಿಯನ್ನು ಸದ್ದಿಲ್ಲದೆ ಕೊಡುವುದು ಯಾಕೆಂಬ ಪ್ರಶ್ನೆಗೆ ಅದು ಉತ್ತರ. ಪುರೂರವ–ಊರ್ವಶಿ, ಚ್ಯವನ–ಸುಕನ್ಯೆ, ವಾಮನನಾದ ವಿಷ್ಣು, ಹೀಗೆ ಮುಂದೆ ಮಹಾಭಾರತ ಮತ್ತು ಪುರಾಣಗಳ ಮೂಲಕ ನಮ್ಮ ಯಕ್ಷಗಾನದ ರಂಗದವರೆಗೆ ಬಂದ ಎಷ್ಟೋ ಕಥೆಗಳು ಇಲ್ಲಿ ಯಜ್ಞದ ಒಂದೊಂದು ಸಣ್ಣ ಕ್ರಿಯೆಯ ಮಗ್ಗುಲಲ್ಲಿವೆ.

ಗ್ರಂಥದ ಎತ್ತರ ಕಾಣುವುದು ಅಗ್ನಿಚಯನದಲ್ಲಿ. ಸೃಷ್ಟಿಯ ನಂತರ ಪ್ರಜಾಪತಿ ಕಳಚಿಬಿದ್ದ. ಅವನ ಸಂದುಗಳೆಲ್ಲ ಸಡಿಲವಾದವು. ಅವನೇ ಸಂವತ್ಸರ. ಹಗಲು ರಾತ್ರಿ, ಪಕ್ಷ, ಋತುಗಳೇ ಅವನ ಸಂದುಗಳು. ಹಕ್ಕಿಯ ಆಕಾರದಲ್ಲಿ ಐದು ಸ್ತರಗಳಾಗಿ ಇಟ್ಟಿಗೆ ಜೋಡಿಸುವುದೆಂದರೆ ಚದುರಿದ ಕಾಲವನ್ನು ಮತ್ತೆ ಒಂದು ಮೈಯಾಗಿ ಕೂಡಿಸುವುದು. ಐದು ಸ್ತರವೆಂದರೆ ಐದು ಋತು. ಸುತ್ತ ನೆಡುವ 360 ಕಲ್ಲುಗಳು ವರ್ಷದ ರಾತ್ರಿಗಳಾದರೆ, ಒಂದೊಂದಕ್ಕೂ ಪ್ರತ್ಯೇಕ ಮಂತ್ರವಿರುವ 360 ಇಟ್ಟಿಗೆಗಳು ಹಗಲುಗಳು. ಎಡೆ ತುಂಬುವ ‘ಲೋಕಂಪೃಣಾ’ ಇಟ್ಟಿಗೆಗಳು 10,800. ದಿನಕ್ಕೆ ಮೂವತ್ತರಂತೆ ವರ್ಷದ ಮುಹೂರ್ತಗಳೂ ಅಷ್ಟೇ.

ಹತ್ತನೆಯ ಕಾಂಡದ ಒಂದು ಭಾಗವನ್ನು ಹತ್ತಿರದಿಂದ ನೋಡಬೇಕು. ತನ್ನ 720 ಹಗಲು–ರಾತ್ರಿಗಳನ್ನು ಹೇಗೆ ಜೋಡಿಸಿದರೆ ತಾನು ಪೂರ್ಣನಾದೇನು ಎಂದು ಪ್ರಜಾಪತಿ ಪ್ರಯತ್ನ ಮಾಡುತ್ತಾನೆ. ಎರಡು ಮೈ ಮಾಡಿಕೊಂಡರೆ ಒಂದೊಂದಕ್ಕೆ 360 ಇಟ್ಟಿಗೆ, ತೃಪ್ತಿಯಾಗಲಿಲ್ಲ. ಮೂರಾದರೆ 240, ನಾಲ್ಕಾದರೆ 180, ಐದಾದರೆ 144, ಆರಾದರೆ 120. ಏಳಕ್ಕೆ ಭಾಗವಾಗಲಿಲ್ಲ. ಎಂಟು, ಒಂಬತ್ತು, ಹತ್ತು ಆದವು, ಹನ್ನೊಂದು ಆಗಲಿಲ್ಲ. ಹನ್ನೆರಡು ಆಯಿತು, ಹದಿಮೂರು, ಹದಿನಾಲ್ಕು ಆಗಲಿಲ್ಲ. ಹೀಗೇ ಹೋಗಿ ಇಪ್ಪತ್ತನಾಲ್ಕು ಮೈ, ಒಂದೊಂದಕ್ಕೆ 30 ಇಟ್ಟಿಗೆ ಎಂಬಲ್ಲಿ ನಿಂತ. ಅದಕ್ಕೇ ವರ್ಷಕ್ಕೆ ಇಪ್ಪತ್ತನಾಲ್ಕು ಪಕ್ಷ. 720ನ್ನು ನಿಶ್ಶೇಷವಾಗಿ ಭಾಗಿಸುವ ಸಂಖ್ಯೆಗಳು ಯಾವುವು, ಭಾಗಿಸದವು ಯಾವುವು ಎಂಬುದನ್ನು ಒಂದೂ ತಪ್ಪದಂತೆ ಇಪ್ಪತ್ತನಾಲ್ಕರವರೆಗೆ ಲೆಕ್ಕ ಹಾಕಿದ ಪಟ್ಟಿಯಿದು, ಸೃಷ್ಟಿಕಥೆಯ ರೂಪದಲ್ಲಿ. ಆಮೇಲೆ ಪ್ರಜಾಪತಿ ಮೂರು ವೇದಗಳ ಕಡೆ ತಿರುಗುತ್ತಾನೆ. ಋಕ್ಕುಗಳನ್ನು 36 ಅಕ್ಷರದ ಬೃಹತೀ ಛಂದಸ್ಸಿನಲ್ಲಿ ಎಣಿಸಿದರೆ 12,000. ಅದೇ ಅಕ್ಷರಗಳನ್ನು 40 ಅಕ್ಷರದ ಪಂಕ್ತಿಯಲ್ಲಿ ಎಣಿಸಿದರೆ 10,800, ಅಂದರೆ ಮತ್ತೆ ಮುಹೂರ್ತಗಳ ಸಂಖ್ಯೆ. ವೇದದ ಅಕ್ಷರ, ವೇದಿಯ ಇಟ್ಟಿಗೆ, ವರ್ಷದ ಮುಹೂರ್ತ ಮೂರೂ ಒಂದೇ ಅಳತೆಗೆ ಬರಬೇಕೆಂಬ ಹಟ ಇದು. ಋಗ್ವೇದದ ಅಕ್ಷರಗಳು ನಿಜಕ್ಕೂ ಅಷ್ಟಿವೆಯೇ ಎಂಬುದಕ್ಕಿಂತ, ಲೋಕಕ್ಕೆ ಒಂದು ಲೆಕ್ಕವಿದೆ, ಅದು ಮನುಷ್ಯನ ಬುದ್ಧಿಗೆ ಸಿಗುತ್ತದೆ ಎಂಬ ನಂಬಿಕೆ ನನಗೆ ಮುಖ್ಯವಾಗಿ ಕಾಣುತ್ತದೆ.

ಅದೇ ಕಾಂಡದಲ್ಲಿ ಮೃತ್ಯುವಿನ ಪ್ರಸಂಗ ಬರುತ್ತದೆ. ಇಟ್ಟಿಗೆಗಳನ್ನು ಸರಿಯಾದ ಸಂಖ್ಯೆಯಲ್ಲಿ ಇಟ್ಟು ದೇವತೆಗಳು ಅಮರರಾದರು. ಹೀಗಾದರೆ ಮನುಷ್ಯರೂ ಅಮರರಾಗಿಬಿಡುತ್ತಾರೆ, ನನಗೇನು ಉಳಿಯಿತು ಎಂದು ಮೃತ್ಯು ಕೇಳಿದ. ಇನ್ನು ಮುಂದೆ ದೇಹದೊಂದಿಗೆ ಯಾರೂ ಅಮರರಾಗುವುದಿಲ್ಲ, ದೇಹ ನಿನ್ನ ಪಾಲು ಎಂದು ದೇವತೆಗಳು ಒಪ್ಪಿಕೊಂಡರು. ಜ್ಞಾನದಿಂದಲೋ ಕರ್ಮದಿಂದಲೋ ಅಮರನಾಗುವವನು ದೇಹ ಬಿಟ್ಟೇ ಆಗಬೇಕು. ಸತ್ತವನು ಮತ್ತೆ ಸಾಯುತ್ತಾನೆಂಬ ‘ಪುನರ್ಮೃತ್ಯು’ವಿನ ಭಯವೂ ಶತಪಥದಲ್ಲಿ ಮೇಲಿಂದ ಮೇಲೆ ಕೇಳಿಸುತ್ತದೆ. ಪುನರ್ಜನ್ಮದ ವಿಚಾರ ಮೊಳೆತ ನೆಲ ಇದು.

ಮುಂದಿನ ಅಧ್ಯಾಯದಲ್ಲಿ ಇಟ್ಟಿಗೆಗಳೇ ಮಾಯವಾಗುತ್ತವೆ. ಆದಿಯಲ್ಲಿ ಇದ್ದದ್ದು ಮನಸ್ಸು. ಅದು 36,000 ಅಗ್ನಿಗಳನ್ನು ಕಂಡಿತು, ಎಲ್ಲವೂ ಮನಸ್ಸಿನಿಂದಲೇ ಆದವು. ಅವುಗಳನ್ನು ಸ್ಥಾಪಿಸಿದ್ದು, ಜೋಡಿಸಿದ್ದು, ಸ್ತುತಿಸಿದ್ದು ಎಲ್ಲ ಮನಸ್ಸಿನಲ್ಲೇ. ನೂರು ವರ್ಷದ ಆಯುಸ್ಸಿಗೆ, ದಿನಕ್ಕೊಂದರಂತೆ, 36,000. ಬದುಕುವ ಪ್ರತಿ ದಿನವೂ ಒಂದು ಅಗ್ನಿಚಯನ ಎಂದಾಯಿತು. ಆರನೆಯ ಅಧ್ಯಾಯದಲ್ಲಿ ಶಾಂಡಿಲ್ಯ ಬರುತ್ತಾನೆ. ಭತ್ತದ ಕಾಳಿನಷ್ಟು, ಜವೆಯಷ್ಟು, ಸಾಮೆಯಷ್ಟು ಸಣ್ಣದಾಗಿ ಒಳಗಿದ್ದೂ ಆಕಾಶಕ್ಕಿಂತ ಹಿರಿದಾದ ಪುರುಷನನ್ನು ಅವನು ಹೇಳುತ್ತಾನೆ. ಛಾಂದೋಗ್ಯದಲ್ಲಿ ಶಾಂಡಿಲ್ಯವಿದ್ಯೆ ಎಂದು ಪ್ರಸಿದ್ಧವಾದದ್ದು ಇದೇ. ಅದರ ಹಿಂದೆಯೇ ಯಜ್ಞದ ಕುದುರೆಯನ್ನು ಇಡೀ ವಿಶ್ವವಾಗಿ ಕಾಣುವ, ಉಷಸ್ಸೇ ಅದರ ತಲೆ ಎನ್ನುವ ಭಾಗ. ಕಾಣ್ವ ಪಾಠದ ಬೃಹದಾರಣ್ಯಕ ಶುರುವಾಗುವುದು ಇದರಿಂದ. ಮಾಧ್ಯಂದಿನದಲ್ಲಿ ಇದು ಉಪನಿಷತ್ತಿನ ಒಳಗಿಲ್ಲ, ಹತ್ತನೆಯ ಕಾಂಡದಲ್ಲೇ ಇದೆ. ಕರ್ಮಕಾಂಡ, ಜ್ಞಾನಕಾಂಡ ಎಂದು ನಾವು ಎಳೆದ ಗೆರೆ ಗ್ರಂಥಕ್ಕೇ ಗೊತ್ತಿಲ್ಲ ಎಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಹನ್ನೊಂದರಿಂದ ಹದಿಮೂರರವರೆಗಿನ ಕಾಂಡಗಳು ಬಿಟ್ಟುಹೋದದ್ದನ್ನು ತುಂಬುತ್ತವೆ. ಉಪನಯನ, ಪ್ರಾಯಶ್ಚಿತ್ತ, ಸೌತ್ರಾಮಣಿ ಇಲ್ಲಿವೆ. ಪಂಚಮಹಾಯಜ್ಞಗಳೂ ಇಲ್ಲಿಯೇ: ಏನೂ ಇಲ್ಲದವನು ಅತಿಥಿಗೆ ಒಂದು ಪಾತ್ರೆ ನೀರು ಕೊಟ್ಟರೂ ಮನುಷ್ಯಯಜ್ಞ, ಒಂದು ಕಟ್ಟಿಗೆಯನ್ನು ಬೆಂಕಿಗಿಟ್ಟರೂ ದೇವಯಜ್ಞ. ದೊಡ್ಡ ಯಾಗಗಳ ಖರ್ಚಿನ ಮಧ್ಯೆ ಈ ಮಾತು ಬಂದಿರುವುದು ಗಮನಿಸಬೇಕಾದ್ದು. ಹದಿಮೂರರಲ್ಲಿ ಅಶ್ವಮೇಧ. ಕುದುರೆ ತಿರುಗುವ ವರ್ಷವಿಡೀ ಹತ್ತು ದಿನಕ್ಕೊಂದು ಸುತ್ತಿನಂತೆ 36 ಸುತ್ತು ಕಥೆ ಹೇಳಬೇಕು, ವೀಣೆ ನುಡಿಸುವವರು ಯಜಮಾನನ ದಾನವನ್ನೂ ಯುದ್ಧವನ್ನೂ ಹಾಡಬೇಕು. ಇತಿಹಾಸ, ಪುರಾಣಗಳಿಗೆ ಅಲ್ಲಿ ಗೊತ್ತಾದ ದಿನಗಳೇ ಇವೆ. ಕನ್ನಡ ನಾಡಿನ ಅರಸರಿಗೂ ಈ ಯಾಗದ ಆಸೆಯಿತ್ತು: ಬಾದಾಮಿಯ ಬಂಡೆಯ ಮೇಲೆ ಶಕ 465ರ, ಅಂದರೆ ಕ್ರಿ.ಶ. 543ರ ಶಾಸನ ಒಂದನೆಯ ಪುಲಕೇಶಿಯನ್ನು ಅಶ್ವಮೇಧ ಮಾಡಿದವನೆಂದು ಕರೆದಿದೆ. ಅದೇ ಕಾಂಡದ ಪುರುಷಮೇಧದ ಪ್ರಕರಣದಲ್ಲಿ ಮನುಷ್ಯರನ್ನು ಯೂಪಗಳಿಗೆ ಕಟ್ಟಿದ ಮೇಲೆ ಒಂದು ಅಶರೀರವಾಣಿ ತಡೆಯುತ್ತದೆ. ಇದನ್ನು ಮುಗಿಸಿದರೆ ಮನುಷ್ಯ ಮನುಷ್ಯನನ್ನು ತಿಂದಾನು ಎನ್ನುತ್ತದೆ. ಎಲ್ಲರನ್ನೂ ಬಿಟ್ಟು ತುಪ್ಪ ಹೋಮಿಸುತ್ತಾರೆ.

ಹಿಂಸೆಯ ಪ್ರಶ್ನೆಯನ್ನು ಮುಚ್ಚಿಡುವುದು ಸರಿಯಲ್ಲ. ಶತಪಥದ ಯಾಗಗಳಲ್ಲಿ ಪಶುವಧೆ ಇದೆ. ಅದರ ಜೊತೆಗೆ ಮೊದಲ ಕಾಂಡದಲ್ಲೇ ಬೇರೊಂದು ದಾರಿಯೂ ಇದೆ. ದೇವತೆಗಳು ಮೊದಲು ಮನುಷ್ಯನನ್ನು ಬಲಿ ಕೊಟ್ಟರು; ಯಜ್ಞದ ಸಾರ ಅವನಿಂದ ಕುದುರೆಗೆ, ಅಲ್ಲಿಂದ ಎತ್ತಿಗೆ, ಕುರಿಗೆ, ಆಡಿಗೆ, ಕೊನೆಗೆ ನೆಲಕ್ಕೆ ಹೋಯಿತು. ನೆಲ ಅಗೆದಾಗ ಅಕ್ಕಿಯಾಗಿ, ಜವೆಯಾಗಿ ಸಿಕ್ಕಿತು. ಆದ್ದರಿಂದ ಹಿಟ್ಟಿನ ಪುರೋಡಾಶಕ್ಕೆ ಆ ಎಲ್ಲ ಪಶುಗಳ ಬಲವಿದೆ. ಬರೀ ಹಿಟ್ಟು ಕೂದಲು, ನೀರು ಹಾಕಿದರೆ ಚರ್ಮ, ಕಲಸಿದರೆ ಮಾಂಸ, ಬೇಯಿಸಿದರೆ ಎಲುಬು, ತುಪ್ಪ ಹಚ್ಚಿದರೆ ಮಜ್ಜೆ. ಮಾಧ್ವ ಪರಂಪರೆ ಪಿಷ್ಟಪಶುವನ್ನು, ಅಂದರೆ ಹಿಟ್ಟಿನ ಪಶುವನ್ನು, ಒಪ್ಪಿದ್ದಕ್ಕೂ ಇದಕ್ಕೂ ವಿಚಾರದ ನೆಂಟಸ್ತಿಕೆ ಇದೆ. ಇದಕ್ಕೆ ಎದುರಾದ ಗಟ್ಟಿ ಪ್ರಶ್ನೆಯೂ ಕನ್ನಡದಲ್ಲೇ ಇದೆ. 1209ರಲ್ಲಿ ಜನ್ನ ಬರೆದ ಯಶೋಧರ ಚರಿತೆಯಲ್ಲಿ ಹಿಟ್ಟಿನ ಕೋಳಿಯನ್ನು ಕಡಿದದ್ದಕ್ಕೇ ತಾಯಿ ಮಗ ಜನ್ಮ ಜನ್ಮ ಅಲೆಯುತ್ತಾರೆ, ಯಾಕೆಂದರೆ ಕಡಿಯುವ ಸಂಕಲ್ಪವೇ ಹಿಂಸೆ. ಹಿಟ್ಟು ಪಶುವಿಗೆ ಸಮ ಎಂದು ಶತಪಥ ಒಪ್ಪಿದರೆ, ಹಾಗಾದರೆ ಪಾಪವೂ ಸಮ ಎಂದು ಜೈನ ಕವಿ ಕೇಳಿದ. ಎರಡೂ ವಾದ ಒಂದೇ ಎಳೆಯ ಮೇಲೆ ನಿಂತಿವೆ.

ಹದಿನಾಲ್ಕನೆಯ ಕಾಂಡದ ಮೊದಲ ಮೂರು ಅಧ್ಯಾಯ ಪ್ರವರ್ಗ್ಯ ಎಂಬ ವಿಧಿ, ಉಳಿದ ಆರು ಬೃಹದಾರಣ್ಯಕ. ಈ ಒಂದೇ ಕಾಂಡದಲ್ಲಿ ಗ್ರಂಥದ ಕುಂದೂ ಹಿರಿಮೆಯೂ ಎದುರುಬದುರಾಗಿವೆ. ಪ್ರವರ್ಗ್ಯದ ವ್ರತ ಹಿಡಿದವನು ಹೆಂಗಸು, ಶೂದ್ರ, ನಾಯಿ, ಕಾಗೆ ಇವರತ್ತ ನೋಡಬಾರದು, ಅವರೆಲ್ಲ ಸುಳ್ಳಿನ ಕಡೆಯವರು ಎಂದು ಬರೆದಿದೆ. ಇದಕ್ಕೆ ಸಮರ್ಥನೆ ಇಲ್ಲ, ಹುಡುಕುವುದೂ ಬೇಡ. ಕೆಲವೇ ಅಧ್ಯಾಯಗಳ ಆಚೆ ಜನಕನ ಸಭೆಯಲ್ಲಿ ಗಾರ್ಗಿ ಎದ್ದು ನಿಂತು ಯಾಜ್ಞವಲ್ಕ್ಯನಿಗೆ ಪ್ರಶ್ನೆ ಹಾಕುತ್ತಾಳೆ. ಅಮೃತತ್ವ ಸಿಗದ ಸಂಪತ್ತು ನನಗೇಕೆಂದು ಮೈತ್ರೇಯಿ ಕೇಳುತ್ತಾಳೆ. ಕೊನೆಯ ಗುರುಪರಂಪರೆಯ ಪಟ್ಟಿಯಲ್ಲಿ ಆಚಾರ್ಯರು ಒಬ್ಬರ ಹಿಂದೊಬ್ಬರು ತಾಯಿಯ ಹೆಸರಿನಿಂದ, ಇಂಥವಳ ಮಗನೆಂದು, ಗುರುತಿಸಿಕೊಳ್ಳುತ್ತಾರೆ.

ಇಂಥ ಗ್ರಂಥವನ್ನು ಓದಿದವರು ಏನು ಮಾಡಿದರು? ಮೀಮಾಂಸಕರು ವಿಧಿವಾಕ್ಯಕ್ಕೆ ಪ್ರಾಮಾಣ್ಯ ಕೊಟ್ಟು, ಕಥೆ ಕಾರಣಗಳನ್ನೆಲ್ಲ ವಿಧಿಯನ್ನು ಹೊಗಳುವ ಅರ್ಥವಾದ ಎಂದರು. ವೇದಾಂತಿಗಳು ಕೊನೆಯ ಆರು ಅಧ್ಯಾಯಗಳನ್ನು ತೆಗೆದುಕೊಂಡರು. ಹರಿಸ್ವಾಮಿ ಮತ್ತು ವಿಜಯನಗರದ ಸಾಯಣಾಚಾರ್ಯರು ಪೂರ್ತಿ ಗ್ರಂಥದ ಮೇಲೆ ದುಡಿದರು, ಆದರೆ ಅವರ ಭಾಷ್ಯ ನಮಗೆ ಅಲ್ಲಲ್ಲಿ ತುಂಡಾಗಿಯೇ ಸಿಕ್ಕಿದೆ. ಬರ್ಲಿನ್ನಿನ ಆಲ್ಬ್ರೆಕ್ಟ್ ವೇಬರ್ 1855ರಲ್ಲಿ ಮಾಧ್ಯಂದಿನ ಪಾಠವನ್ನು ಅಚ್ಚು ಹಾಕಿಸಿದರು. ಜೂಲಿಯಸ್ ಎಗ್ಗೆಲಿಂಗ್ 1882ರಿಂದ 1900ರವರೆಗೆ ಐದು ಸಂಪುಟಗಳಲ್ಲಿ ಇಂಗ್ಲಿಷಿಗೆ ತಂದರು. ಇಷ್ಟು ದುಡಿದ ಅವರಿಗೂ ಬ್ರಾಹ್ಮಣಗಳ ಗದ್ಯ ಬೇಸರದ್ದೆನಿಸಿತ್ತು. ಮ್ಯಾಕ್ಸ್ ಮ್ಯುಲ್ಲರ್ ಅಂತೂ ಇವನ್ನು ಹುಚ್ಚರ ಪ್ರಲಾಪಕ್ಕೆ ಹೋಲಿಸಿದ್ದರು. 1898ರಲ್ಲಿ ಫ್ರಾನ್ಸಿನ ಸಿಲ್ವೇನ್ ಲೆವಿ ಬ್ರಾಹ್ಮಣಗಳ ಯಜ್ಞಸಿದ್ಧಾಂತದ ಮೇಲೆ ಪುಸ್ತಕ ಬರೆದ ನಂತರ ನೋಟ ಬದಲಾಗತೊಡಗಿತು. 1975ರ ಏಪ್ರಿಲ್‌ನಲ್ಲಿ ಕೇರಳದ ಪಾಞ್ಞಾಳ್‌ನಲ್ಲಿ ನಂಬೂದಿರಿಗಳು ನಡೆಸಿದ ಅಗ್ನಿಚಯನವನ್ನು ದಾಖಲಿಸಿದ ಫ್ರಿಟ್ಸ್ ಸ್ಟಾಲ್, ಕ್ರಿಯೆಗೆ ನಿಯಮವಿದೆ, ಅರ್ಥವಿಲ್ಲ ಎಂಬ ವಾದವನ್ನೇ ಮುಂದಿಟ್ಟರು. ಕ್ರಿಯೆಯ ಮಟ್ಟಿಗೆ ಅವರ ಮಾತಿನಲ್ಲಿ ಹುರುಳಿದ್ದೀತು. ಕಾರಣ ಬದಲಾದರೂ ಕೈಯ ಕೆಲಸ ಬದಲಾಗುವುದಿಲ್ಲ ಎಂಬುದು ನಿಜ. ಆದರೆ ಸಾವಿರಾರು ಕಂಡಿಕೆಗಳ ಉದ್ದಕ್ಕೂ ಅರ್ಥಕ್ಕಾಗಿ ತಡಕಾಡಿದ ಜನರ ಆ ಹುಡುಕಾಟವನ್ನೇ ಲೆಕ್ಕದಿಂದ ಬಿಡುವುದು ನನಗೆ ಒಪ್ಪಿಗೆಯಿಲ್ಲ.

ಕಾಲದ ಬಗ್ಗೆ ಒಂದು ಮಾತು. ಕೃತ್ತಿಕೆ ಪೂರ್ವದಿಕ್ಕಿನಿಂದ ಸರಿಯುವುದಿಲ್ಲ ಎಂಬ ಎರಡನೆಯ ಕಾಂಡದ ವಾಕ್ಯವನ್ನು ಹಿಡಿದು ಶಂಕರ ಬಾಲಕೃಷ್ಣ ದೀಕ್ಷಿತರು ಗ್ರಂಥವನ್ನು ಕ್ರಿ.ಪೂ. 3000ದ ಆಸುಪಾಸಿಗೆ ಒಯ್ದರು. ಭಾಷೆಯನ್ನು ನೋಡಿದವರು ಹೆಚ್ಚಾಗಿ ಕ್ರಿ.ಪೂ. 8ರಿಂದ 6ನೆಯ ಶತಮಾನ ಎನ್ನುತ್ತಾರೆ. ನನಗೆ ಭಾಷೆಯ ಸಾಕ್ಷ್ಯವೇ ಗಟ್ಟಿಯಾಗಿ ಕಾಣುತ್ತದೆ. ಆಕಾಶದ ಹಳೆಯ ನೆನಪೊಂದು ಆಮೇಲಿನ ಗ್ರಂಥದಲ್ಲಿ ಉಳಿದಿರಲು ಅಡ್ಡಿಯಿಲ್ಲ.

ಬೃಹದಾರಣ್ಯಕವನ್ನು ಕನ್ನಡದಲ್ಲಿ ಪಾಠ ಹೇಳುವವರು, ಓದುವವರು ಬಹಳ ಮಂದಿ ಇದ್ದಾರೆ. ಅವರಲ್ಲಿ ನನ್ನದೊಂದು ಕೋರಿಕೆ: ಉಪನಿಷತ್ತನ್ನು ಕೈಗೆತ್ತಿಕೊಳ್ಳುವ ಮೊದಲು ಶತಪಥದ ಮೊದಲ ಕಾಂಡದ ಮೊದಲ ಅಧ್ಯಾಯವನ್ನೂ ಹತ್ತನೆಯ ಕಾಂಡದ ಕೊನೆಯ ಮೂರು ಅಧ್ಯಾಯಗಳನ್ನೂ ಓದಿ. ಪಾಠ ಹೇಳುವವರು ಇವನ್ನು ಸೇರಿಸಿಯೇ ಹೇಳಿ. ಯಾಜ್ಞವಲ್ಕ್ಯ ಜನಕನ ಸಭೆಗೆ ಬರುವ ಮೊದಲು ಉಪವಾಸದ ಬಗ್ಗೆ, ನೀರಿನ ಬಗ್ಗೆ, ತುಪ್ಪದ ಬಗ್ಗೆ ವರ್ಷಗಟ್ಟಲೆ ಯೋಚಿಸಿದವನು ಎಂಬುದು ಆಗ ಗೊತ್ತಾಗುತ್ತದೆ.